ಸಿ. ಅಶ್ವಥ್ ಅವರ ಗಾನಮಾರ್ಗ

ಬೆಂಗಳೂರಿನ ದಕ್ಷಿಣಭಾಗದ ನರಸಿಂಹರಾಜ ಕಾಲೊನಿಯಲ್ಲಿ ಒಂದು ಕಲಾಭವನವು ಸಿ. ಅಶ್ವಥ್ ಅವರ ಹೆಸರನ್ನು ಹೊತ್ತು ನಿಂತಿದೆ. ಅವರನ್ನು ಭಾವಗೀತೆಯ ಗಾಯಕರೆಂದು ಕೆಲವರೂ ಚಿತ್ರಪಟದ ಸಂಗೀತಗಾರರೆಂದು ಕೆಲವರೂ ಬಗೆಯುವುದುಂಟು. ಈ ಎರಡಕ್ಕೂ ನಡುವೆ ಗೋಡೆಯನ್ನೆಬ್ಬಿಸಿದರೆ ಅವರ ಸಾಧನೆಯ ತಿರುಳು ಕೈಗೆ ಸಿಕ್ಕಲಾರದು.

1939ನೆಯ ಡಿಸೆಂಬರ್ 29ರಂದು ಜನಿಸಿ, 2009ರಲ್ಲಿ ಅದೇ ತಾರೀಖಿನಂದು ಕಾಲವಾದ ಅಶ್ವಥ್ ಅವರು ಬಹುವರ್ಷ ಐ.ಟಿ.ಐ. ಕಾರ್ಖಾನೆಯಲ್ಲಿ ಉದ್ಯೋಗದಲ್ಲಿದ್ದರು. ಅವರ ರಾಗಸಂಯೋಜನೆಗೆ ಮೊದಲ ಗರಡಿಯಾದುದು ರಂಗಭೂಮಿ. ಮಾಸ್ತಿಯವರ ನಾಟಕವನ್ನು ಆಧರಿಸಿ ಸಿ.ಆರ್. ಸಿಂಹ ಅವರು 1977ರಲ್ಲಿ ತೆರೆಗೆ ತಂದ ‘ಕಾಕನಕೋಟೆ’ಗೆ ಅವರೇ ಸಂಗೀತವನ್ನೊದಗಿಸಿದರು. ಅನಂತರ ವಾದ್ಯವಿನ್ಯಾಸದಲ್ಲಿ ನುರಿತ ಎಲ್. ವೈದ್ಯನಾಥನ್ ಅವರೊಡನೆ ಸೇರಿ, ಅಶ್ವಥ್-ವೈದಿ ಎಂಬ ಜೋಡಿಹೆಸರಿನಲ್ಲಿ ‘ನಾರದ ವಿಜಯ’, ‘ಆಲೆಮನೆ’, ‘ಅನುಪಮ’ ಮುಂತಾದ ಚಿತ್ರಗಳಿಗೆ ಸ್ವರ ಕೊಟ್ಟರು. ‘ಆಲೆಮನೆ’ಯಲ್ಲಿ ದೊಡ್ಡರಂಗೇಗೌಡರ ಪದಗಳಿಗೆ ಒದಗಿದ ರಾಗವು ಚಿತ್ರವನ್ನು ನೋಡದವರ ನಾಲಗೆಯ ಮೇಲೂ ನೆಲೆಸಿದೆ.

ಆದರೆ ವಿಮರ್ಶಕನು ನಿಲ್ಲಬೇಕಾದ ತಾಣ ಟಿ.ಎಸ್. ನಾಗಾಭರಣರ ಎರಡು ಚಿತ್ರಗಳು. 1990ರ ‘ಸಂತ ಶಿಶುನಾಳ ಶರೀಫ’ದಲ್ಲಿ ಅಶ್ವಥ್ ಅವರ ತಾರಸ್ಥಾಯಿಯ, ತೆರೆದ ಕಂಠದ ದನಿಯು ತತ್ತ್ವಪದಕ್ಕೆ ಹೇಳಿಮಾಡಿಸಿದಂತಿದೆ. ಶರೀಫರ (1819–1889) ಪದಗಳು ಏಕಾಂತದ ಪಿಸುಮಾತುಗಳಲ್ಲ. ಊರ ನಡುವೆ ನಿಂತು ಒಗಟು ಹೇಳಿ ಕೇಳುವವನನ್ನು ಬೆಚ್ಚಿಸುವಂಥವು. ಅಲ್ಲಿ ಗಾಯಕನು ದನಿಯನ್ನು ಎತ್ತಿದಷ್ಟೂ ಅರ್ಥವು ಬೆಳಗುತ್ತದೆ. ಪಂಡಿತರ ಅಂಗಳದಲ್ಲಿ ವ್ಯಾಖ್ಯಾನಕ್ಕೆ ಸಿಕ್ಕಿ ಸೊರಗಬಹುದಾಗಿದ್ದ ಪದವು ಇಲ್ಲಿ ಮತ್ತೆ ಬೀದಿಗಿಳಿಯಿತು.

1992ರ ‘ಮೈಸೂರು ಮಲ್ಲಿಗೆ’ಯಲ್ಲಿಯಾದರೋ ಪರೀಕ್ಷೆ ಬೇರೆ. 1942ರಲ್ಲಿ ಪ್ರಕಟವಾದ ಕೆ.ಎಸ್. ನರಸಿಂಹಸ್ವಾಮಿಯವರ ಆ ಸಂಕಲನದ ದಾಂಪತ್ಯಗೀತೆಗಳು ನಡುಮನೆಯ ಮಾತುಗಳು. ಪಕ್ಕದ ಕೋಣೆಗೂ ಕೇಳಿಸಬಾರದಂಥವು. ಇಂತಹ ಕವಿತೆಗೆ ರಾಗವನ್ನು ಕಟ್ಟುವಾಗ ಅಶ್ವಥ್ ಅವರು ಪದದ ನಡಿಗೆಯನ್ನು ಎಲ್ಲಿಯೂ ಮುರಿಯಲಿಲ್ಲ. ಮಾತಿನ ಸಹಜವಾದ ಒತ್ತೇ ತಾಳದ ಒತ್ತಾಗುತ್ತದೆ; ಇದು ಸಾಮಾನ್ಯವಾದ ಸಿದ್ಧಿಯಲ್ಲ. ದೋಷವನ್ನೂ ಹೇಳಬೇಕು. ವಾದ್ಯಗಳು ತುಂಬಿಕೊಂಡು ದನಿ ಏರಿದಾಗ, ಕವಿಯು ಬೇಕೆಂದೇ ನುಂಗಿಕೊಂಡ ಮಾತನ್ನು ಗಾಯಕನು ಬಾಯಿಬಿಟ್ಟು ಹೇಳಿದಂತಾಗುತ್ತದೆ. ಓದುಗನಿಗೆ ಉಳಿಯಬೇಕಾದ ಮೌನವನ್ನು ಸಂಗೀತವು ಕಬಳಿಸುತ್ತದೆ. ಈ ಆಕ್ಷೇಪವನ್ನು ಕಾವ್ಯದ ಮಡಿವಂತಿಕೆಯೆಂದು ತಳ್ಳಿಹಾಕಲಾಗದು. ಆದರೆ ಪುಸ್ತಕವನ್ನೇ ತೆರೆಯದ ಎಷ್ಟೋ ಮನೆಗಳಿಗೆ ಆ ಕವಿಯನ್ನು ಕರೆದೊಯ್ದುದೂ ಇದೇ ದನಿಯೆಂಬುದನ್ನು ಮರೆಯತಕ್ಕುದಲ್ಲ.

2005ರಲ್ಲಿ ಅರಮನೆಯ ಮೈದಾನದಲ್ಲಿ ‘ಕನ್ನಡವೇ ಸತ್ಯ’ ನಡೆದಾಗ ಕಿಕ್ಕಿರಿದ ಜನ ಕುಳಿತು ಕೇಳಿದುದು ಚಿತ್ರಪಟದ ನಟರನ್ನಲ್ಲ, ಕನ್ನಡದ ಕವಿಗಳನ್ನು. ಅಷ್ಟು ದೊಡ್ಡ ಬಯಲಿಗೆ ಅವರ ಕಂಠ ಸಾಲದೆ ಹೋಗಲಿಲ್ಲ.