ಗುಂಟೆ ಸರಿ, ಪಾಲು ಸರಿಯೇ?

ಪಾಲಿನ ದಾವೆಯಲ್ಲಿ ಪ್ರಾಥಮಿಕ ಡಿಕ್ರಿ ಬಂದರೆ ಗೆದ್ದೆವೆಂದು ಸಿಹಿ ಹಂಚುವವರಿದ್ದಾರೆ. ಯಾರಿಗೆ ಎಷ್ಟನೇ ಒಂದು ಪಾಲು ಎಂಬುದಷ್ಟೇ ಅದರಲ್ಲಿರುತ್ತದೆ. ಯಾವ ಬದುವಿನಿಂದ ಯಾವ ಬದುವಿಗೆ ಎಂಬುದು ಕೋರ್ಟ್ ಕಮಿಷನರ್ ಜಾಗಕ್ಕೆ ಬಂದು, ಅಳೆದು, ನಕ್ಷೆಯೊಂದಿಗೆ ವರದಿ ಕೊಟ್ಟ ಮೇಲೆ ಅಂತಿಮ ಡಿಕ್ರಿಯಲ್ಲಿ ತೀರುತ್ತದೆ. ವ್ಯಾಜ್ಯದ ನಿಜವಾದ ತೂಕ ಇರುವುದು ಈ ವರದಿಯಲ್ಲೇ.

ನ್ಯಾಮತಿ ತಾಲ್ಲೂಕಿನ ಗೋವಿನಕೋವಿ ಕಡೆ ಮೂರು ಎಕರೆ ಜಮೀನು, ಮೂವರು ಹಕ್ಕುದಾರರು ಎಂದಿಟ್ಟುಕೊಳ್ಳಿ. 198 ಅಡಿ ಅಗಲ, 660 ಅಡಿ ಉದ್ದ. ದಾರಿ ಒಂದು ತುದಿಯಲ್ಲಿ ಮಾತ್ರ. ಉದ್ದಕ್ಕೆ ಸೀಳಿದರೆ ಮೂವರಿಗೂ ದಾರಿ ಸಿಗುತ್ತದೆ, ಆದರೆ ಪ್ರತಿ ಪಾಲೂ 66 ಅಡಿಯ ಪಟ್ಟಿ. ಅಡ್ಡಕ್ಕೆ ಕತ್ತರಿಸಿದರೆ ಉಳುಮೆಗೆ ಅನುಕೂಲ, ಆದರೆ ಹಿಂದಿನ ಇಬ್ಬರು ಮುಂದಿನವರ ಹೊಲ ತುಳಿದೇ ಹೋಗಬೇಕು. ಹೇಗೆ ಹಂಚಿದರೂ ಒಬ್ಬೊಬ್ಬರಿಗೆ 40 ಗುಂಟೆ. ಕೊಳವೆಬಾವಿ ಮಾತ್ರ ಒಬ್ಬರ ಪಾಲಿಗೇ ಬೀಳುತ್ತದೆ. ಫಸಲಿಗೆ ಬಂದ ಅಡಿಕೆ ತೋಟ ಒಬ್ಬರಿಗೆ, ಮೆಕ್ಕೆಜೋಳದ ಖುಷ್ಕಿ ಇನ್ನೊಬ್ಬರಿಗೆ ಹೋದರೆ ಗುಂಟೆಯ ಲೆಕ್ಕ ಕಾಗದದಲ್ಲೇ ಉಳಿಯುತ್ತದೆ.

ಇದನ್ನು ಕಾನೂನು ಊಹಿಸದೆ ಬಿಟ್ಟಿಲ್ಲ. ಸಿವಿಲ್ ಪ್ರಕ್ರಿಯಾ ಸಂಹಿತೆಯ 26ನೇ ಆದೇಶದ 14ನೇ ನಿಯಮದಂತೆ, ಪಾಲುಗಳ ಬೆಲೆ ಸರಿದೂಗಿಸಲು ಹೆಚ್ಚು ಪಡೆದವರಿಂದ ಕಡಿಮೆ ಪಡೆದವರಿಗೆ ಹಣ ಕೊಡಿಸುವಂತೆ ಕಮಿಷನರ್ ಸೂಚಿಸಬಹುದು. ಅದಕ್ಕೆ ನ್ಯಾಯಾಲಯದ ಅನುಮತಿ ಬೇಕು. ಊರ ಹಿರಿಯರು ಪಂಚಾಯ್ತಿಯಲ್ಲಿ ಹೆಚ್ಚುಕಮ್ಮಿ ತುಂಬಿಕೊಡಿಸುತ್ತಿದ್ದುದೂ ಇದನ್ನೇ. ಅದೇ ಸಂಹಿತೆಯ ಕಲಂ 54ರ ಮೂಲ ಪಾಠ ಕಂದಾಯದ ಜಮೀನಿನ ವಿಭಜನೆಯನ್ನು ಜಿಲ್ಲಾಧಿಕಾರಿಗೆ ಒಪ್ಪಿಸಿತ್ತು. ಕರ್ನಾಟಕ 1998ರ ತಿದ್ದುಪಡಿಯಿಂದ ಆ ಕೆಲಸವನ್ನು ನ್ಯಾಯಾಲಯದ ಕೈಗೇ ತಂದಿತು. ಅಗತ್ಯ ಬಿದ್ದರೆ ತಹಶೀಲ್ದಾರ್ ದರ್ಜೆಗೆ ಕಡಿಮೆಯಿಲ್ಲದ ಕಂದಾಯ ಅಧಿಕಾರಿಯ ಅಥವಾ ಕಮಿಷನರ್‌ನ ವರದಿ ತರಿಸಿಕೊಳ್ಳಬಹುದು. ಮನೆ, ಹಿತ್ತಲು, ತೋಟ, ಖುಷ್ಕಿ ಎಲ್ಲವನ್ನೂ ಒಟ್ಟಿಗಿಟ್ಟು ತೂಗಲು ಇದಕ್ಕಿಂತ ಒಳ್ಳೆಯ ಅವಕಾಶ ಬೇಕೇ?

ಪದ್ಧತಿಯ ಬಲವನ್ನೂ ಒಪ್ಪಬೇಕು. ಸ್ಥಳ ತನಿಖೆಗೆ ನೋಟಿಸ್ ಕೊಟ್ಟು ಎರಡೂ ಕಡೆಯವರನ್ನು ಕರೆಯಲಾಗುತ್ತದೆ. ವರದಿಯೇ ಕೊನೆಯ ಮಾತಲ್ಲ: ಆಕ್ಷೇಪಣೆ ಕೇಳಿದ ಮೇಲೆ ನ್ಯಾಯಾಲಯ ಅದನ್ನು ಒಪ್ಪಬಹುದು, ತಿದ್ದಬಹುದು, ತಳ್ಳಿಹಾಕಿ ಹೊಸ ಕಮಿಷನ್ ಹೊರಡಿಸಬಹುದು. ಆದರೆ ಈ ಬಲವೇ ಕಾಲವನ್ನೂ ನುಂಗುತ್ತದೆ. ಪ್ರಾಥಮಿಕ ಡಿಕ್ರಿಯಾದ ಮೇಲೆ ಬೇರೆ ಅರ್ಜಿಗೆ ಕಾಯದೆ ಅಂತಿಮ ಡಿಕ್ರಿಯ ಕಡೆಗೆ ಹೆಜ್ಜೆ ಇಡಬೇಕೆಂದು ಸುಪ್ರೀಂ ಕೋರ್ಟ್ 2022ರಲ್ಲಿ ವಿಚಾರಣಾ ನ್ಯಾಯಾಲಯಗಳಿಗೆ ಹೇಳಬೇಕಾಯಿತು. ತಡವಾದಷ್ಟೂ ಲಾಭ ಸ್ವಾಧೀನದಲ್ಲಿರುವವರಿಗೆ. ಕೊಟ್ಟ ಮನೆಯಿಂದ ಬಂದು ಪಾಲು ಕೇಳಿದ ಹೆಣ್ಣುಮಗಳಿಗೆ ನಷ್ಟ.

ದೋಷ ಕಾನೂನಿಗಿಂತ ಹೆಚ್ಚಾಗಿ ಕಮಿಷನರ್‌ಗೆ ಒಪ್ಪಿಸುವ ಕೆಲಸದ ಪಟ್ಟಿಯಲ್ಲಿದೆ. ‘ಅಳೆದು ಮೂರು ಭಾಗ ಮಾಡಿ’ ಎಂದಷ್ಟೇ ಬರೆದರೆ ಬರುವುದೂ ಅಷ್ಟೇ. ನೀರಿನ ಮೂಲ, ಓಡಾಡುವ ದಾರಿ, ಮರಗಳ ವಯಸ್ಸು, ಪ್ರತಿ ಪಾಲಿನ ಬೆಲೆ, ತುಂಬಿಕೊಡಬೇಕಾದ ಹಣ: ಈ ಐದಕ್ಕೂ ಉತ್ತರವಿಲ್ಲದ ವರದಿಯನ್ನು ವಕೀಲರು ಆಕ್ಷೇಪಿಸಬೇಕು, ನ್ಯಾಯಾಲಯ ವಾಪಸು ಕಳಿಸಬೇಕು. ಇಲ್ಲದಿದ್ದರೆ ಪಾಲಿನ ದಾವೆ ಮುಗಿದ ಮರುವರ್ಷವೇ ದಾರಿಯ ದಾವೆ ಶುರುವಾಗುತ್ತದೆ.