ಹಳೆಯ ಎಂಜಿನ್ ಉಳಿಸಿದ ಹಡಗು

ಎರಡನೇ ಮಹಾಯುದ್ಧದ ಕಾಲದ ಲಿಬರ್ಟಿ ಸರಕು ಹಡಗುಗಳ ಮಾತು ಬಂದಾಗಲೆಲ್ಲ ಜನ ಹೇಳುವುದು ಒಂದೇ ದಾಖಲೆ. 1942ರ ನವೆಂಬರಿನಲ್ಲಿ ಕ್ಯಾಲಿಫೋರ್ನಿಯಾದ ರಿಚ್‌ಮಂಡ್‌ನಲ್ಲಿ ‘ರಾಬರ್ಟ್ ಇ. ಪಿಯರಿ’ಯನ್ನು ನಾಲ್ಕು ದಿನ ಹದಿನೈದೂವರೆ ಗಂಟೆಯಲ್ಲಿ ಕಟ್ಟಿ ನೀರಿಗಿಳಿಸಿದ್ದು. ಪ್ರಚಾರಕ್ಕೆಂದೇ ಮಾಡಿದ ಸಾಹಸ ಅದು, ಮೆಚ್ಚೋಣ. ಆದರೆ ಹಡಗಿನ ಹುಚ್ಚು ಹಿಡಿದವರು ನೋಡಬೇಕಾದದ್ದು ಅದೇ ಅಚ್ಚಿನ ಇನ್ನೊಂದು ಹಡಗನ್ನು. ಅದರ ಹೆಸರು ‘ಜೆರಮಾಯ ಓಬ್ರಯನ್’. ಮೇನ್ ರಾಜ್ಯದ ಸೌತ್ ಪೋರ್ಟ್‌ಲ್ಯಾಂಡ್‌ನಲ್ಲಿ ಸುಮಾರು ಎಂಟು ವಾರದಲ್ಲಿ ಕಟ್ಟಿದ್ದು, ನೀರಿಗಿಳಿದದ್ದು 1943ರ ಜೂನ್ 19ರಂದು. ಇವತ್ತಿಗೂ ತನ್ನದೇ ಉಗಿಯಲ್ಲಿ ಓಡುತ್ತದೆ.

1941ರಿಂದ 45ರ ನಡುವೆ ಅಮೆರಿಕದ 18 ಹಡಗುಕಟ್ಟೆಗಳು 2,710 ಲಿಬರ್ಟಿಗಳನ್ನು ಕಟ್ಟಿದವು. ಜರ್ಮನ್ ಸಬ್‌ಮರೀನುಗಳು ಮುಳುಗಿಸುವುದಕ್ಕಿಂತ ಬೇಗ ಹಡಗು ಕಟ್ಟಬೇಕು ಎನ್ನುವುದೇ ಆಗಿನ ಲೆಕ್ಕಾಚಾರ. ಅಂದಚಂದವನ್ನು ಕೇಳುವವರಿರಲಿಲ್ಲ, ಅಧ್ಯಕ್ಷ ರೂಸ್‌ವೆಲ್ಟ್ ಕೂಡ ನಕ್ಷೆ ನೋಡಿ ಮುಖ ಸಿಂಡರಿಸಿದ್ದರಂತೆ. 441 ಅಡಿ ಉದ್ದ, ಐದು ಸರಕಿನ ಗೂಡು, ನಡುವೆ ಒಂದು ಚಿಮಣಿ, ಗಂಟೆಗೆ 11 ನಾಟಿಕಲ್ ಮೈಲಿಯ ನಡೆ. ರಿವೆಟ್ ಹೊಡೆಯಲು ಹೊತ್ತಿಲ್ಲದೆ ಒಡಲನ್ನು ವೆಲ್ಡಿಂಗ್‌ನಿಂದ ಕೂಡಿಸಿದರು. ಚಳಿಯ ಸಮುದ್ರಗಳಲ್ಲಿ ಕೆಲವು ಹಡಗುಗಳ ಒಡಲು ಬಿರಿಯಿತು, ಬೆರಳೆಣಿಕೆಯವು ಎರಡು ತುಂಡೂ ಆದವು. ಕೆಟ್ಟ ವೆಲ್ಡಿಂಗ್ ಎಂದು ಬೆಸುಗೆಯವರನ್ನು ಬೈದದ್ದಾಯಿತು. ಆ ಉಕ್ಕೇ ತಣ್ಣಗಾದರೆ ಪೆಡಸಾಗುತ್ತದೆ ಎಂದು ತೋರಿಸಿಕೊಟ್ಟವರು ಕೇಂಬ್ರಿಜ್‌ನ ಕಾನ್‌ಸ್ಟನ್ಸ್ ಟಿಪ್ಪರ್ ಎಂಬ ಮಹಿಳೆ.

ನನಗೆ ಇದರಲ್ಲಿ ರುಚಿಸುವುದು ಎಂಜಿನ್. 1940ರ ಹೊತ್ತಿಗೇ ಅದು ಹಳೆಯ ಕಾಲದ್ದಾಗಿತ್ತು. ಆಗಿನ ಒಳ್ಳೆಯ ಹಡಗುಗಳಿಗೆ ಟರ್ಬೈನ್ ಬೇಕಿತ್ತು, ಆದರೆ ಟರ್ಬೈನುಗಳೂ ಅವುಗಳ ಗೇರುಗಳೂ ಯುದ್ಧನೌಕೆಗಳಿಗೆ ಮೀಸಲು. ಹಾಗಾಗಿ ಲಿಬರ್ಟಿಗಳ ಪಾಲಿಗೆ ಬಂದದ್ದು ಇಂಗ್ಲೆಂಡಿನ ಹಳೆಯ ಮಾದರಿಯ, ಮೂರು ಸಿಲಿಂಡರಿನ ಉಗಿಯಂತ್ರ. ಶಕ್ತಿ 2,500 ಅಶ್ವಬಲ. ಆಲೆಮನೆಯಲ್ಲಿ ಒಮ್ಮೆ ಹಿಂಡಿದ ಕಬ್ಬನ್ನು ಮತ್ತೆ ಗಾಣಕ್ಕೆ ಕೊಡುತ್ತಾರಲ್ಲ, ಇಲ್ಲಿ ಉಗಿಯದೂ ಅದೇ ಪಾಡು. ಚದರಂಗುಲಕ್ಕೆ 220 ಪೌಂಡಿನ ಒತ್ತಡದಲ್ಲಿ ಮೊದಲು ಇಪ್ಪತ್ತನಾಲ್ಕೂವರೆ ಅಂಗುಲ ಅಗಲದ ಸಿಲಿಂಡರಿಗೆ ನುಗ್ಗುತ್ತದೆ. ಹಿಗ್ಗಿ ಕಸುವು ಕಳೆದುಕೊಂಡಂತೆ 37 ಅಂಗುಲದ್ದಕ್ಕೆ, ಕಡೆಗೆ 70 ಅಂಗುಲದ್ದಕ್ಕೆ. ಅಲ್ಲಿಂದ ಕಂಡೆನ್ಸರಿನಲ್ಲಿ ನೀರಾಗಿ ಮತ್ತೆ ಬಾಯ್ಲರಿಗೆ.

ಪೂರ್ತಿ ವೇಗದಲ್ಲೂ ಅದು ತಿರುಗುವುದು ನಿಮಿಷಕ್ಕೆ 76 ಸುತ್ತು. ಪಿಸ್ಟನ್ ನಾಲ್ಕಡಿ ಮೇಲೇರಿ ನಾಲ್ಕಡಿ ಇಳಿಯುತ್ತದೆ. ಮುಚ್ಚಳ ಮರೆಗಳಿಲ್ಲದೆ ಎಲ್ಲವೂ ಕಣ್ಣೆದುರಿಗೆ. ಎಣ್ಣೆ ಹಾಕುವ ಆಯಿಲರ್ ಒಂದು ಕೈಯಲ್ಲಿ ಕಂಬಿ ಹಿಡಿದು, ಸುತ್ತುವ ಕ್ರ್ಯಾಂಕಿನ ಲಯಕ್ಕೆ ತನ್ನ ಇನ್ನೊಂದು ಕೈ ಹೊಂದಿಸಿ, ಅದು ಬಳಿಗೆ ಬಂದ ಗಳಿಗೆಯಲ್ಲೇ ಬೇರಿಂಗನ್ನು ಬೆರಳಿಂದ ಸವರಿ ಕೈ ಹಿಂದಕ್ಕೆ ಎಳೆದುಕೊಳ್ಳಬೇಕು. ಬಿಸಿ ಹೆಚ್ಚಿದ್ದರೆ ಅವನ ಬೆರಳಿಗೇ ಮೊದಲು ತಿಳಿಯುವುದು. ಲಯ ತಪ್ಪಿದರೆ ಕೈಯೇ ಹೋದೀತು. ಇಂಥ ಕೆಲಸವನ್ನು ಹೊಸಬರಿಗೂ ಬೇಗ ಕಲಿಸಬಹುದು ಎಂಬುದು ಯುದ್ಧಕಾಲದ ಅಧಿಕಾರಿಗಳಿಗೆ ಗೊತ್ತಿತ್ತು. ಒಂದು ಕಾರ್ಖಾನೆಯ ಬಿಡಿಭಾಗ ಇನ್ನೊಂದು ಕಾರ್ಖಾನೆಯ ಎಂಜಿನ್ನಿಗೆ ಕೂರುವಂತೆಯೂ ನೋಡಿಕೊಂಡಿದ್ದರು.

ಓಬ್ರಯನ್ ಯುದ್ಧಕಾಲದಲ್ಲಿ ಏಳು ಯಾನ ಮಾಡಿತು. 1944ರಲ್ಲಿ ನಾರ್ಮಂಡಿಯ ದಂಡಯಾತ್ರೆಗಾಗಿ ಇಂಗ್ಲಿಷ್ ಕಾಲುವೆಯನ್ನು ಹನ್ನೊಂದು ಸಲ ದಾಟಿ ಸೈನಿಕರನ್ನೂ ಸಾಮಗ್ರಿಯನ್ನೂ ಮುಟ್ಟಿಸಿತು. ಆಮೇಲೆ ಚಿಲಿ, ಪೆರು, ಫಿಲಿಪೀನ್ಸ್, ಚೀನಾ. ನಮ್ಮ ದೇಶದ ಬಂದರನ್ನೂ ಮುಟ್ಟಿ ಹೋಗಿದೆ. ಇಷ್ಟೆಲ್ಲ ಇಂಥ ನೂರಾರು ಹಡಗುಗಳ ಕತೆಯೇ. 1946ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋ ಹತ್ತಿರದ ಸೂಸನ್ ಕೊಲ್ಲಿಯಲ್ಲಿ ಸಾಲಾಗಿ ನಿಂತ ಮೀಸಲು ಹಡಗುಗಳ ನಡುವೆ ಇದನ್ನೂ ತಂದು ನಿಲ್ಲಿಸಿದರು. ಖಾಸಗಿ ಕಂಪನಿಗಳು ಕೊಂಡ ಲಿಬರ್ಟಿಗಳು ಎಷ್ಟೋ ಬದಲಾದವು, ಕೊನೆಗೆ ಗುಜರಿ ಸೇರಿದವು. ಓಬ್ರಯನ್‌ನ ಒಂದು ಕೊಳವೆಯನ್ನೂ ಬದಲಿಸುವ ಗೋಜಿಗೆ ಯಾರೂ ಹೋಗಲಿಲ್ಲ.

ಸಾಗರಯಾನ ಇಲಾಖೆಯಲ್ಲಿದ್ದ ಥಾಮಸ್ ಪ್ಯಾಟರ್ಸನ್ ಇದನ್ನು ಗಮನಿಸಿದರು. ಒಡೆಯಬೇಕಾದ ಹಡಗುಗಳ ಪಟ್ಟಿ ತಯಾರಾದಾಗಲೆಲ್ಲ ಓಬ್ರಯನ್‌ನ ಹೆಸರನ್ನು ತುದಿಗೆ ತಳ್ಳುತ್ತ ಹೋದರು. ಕಡತವನ್ನು ಅಡಿಗೆ ಹಾಕುವ ಸರ್ಕಾರಿ ವಿದ್ಯೆ ಒಮ್ಮೊಮ್ಮೆ ಒಳ್ಳೆಯದಕ್ಕೂ ಒದಗುತ್ತದೆ! 1979ರ ಅಕ್ಟೋಬರಿನಲ್ಲಿ, 33 ವರ್ಷದ ನಂತರ, ಸ್ವಯಂಸೇವಕರು ಅಲ್ಲೇ ಬಾಯ್ಲರ್ ಹೊತ್ತಿಸಿದರು. ಎಳೆಯುವ ದೋಣಿಗಳ ಹಂಗಿಲ್ಲದೆ ಓಬ್ರಯನ್ ತಾನಾಗಿ ಕೊಲ್ಲಿಯಿಂದ ಹೊರಬಿತ್ತು. ಟರ್ಬೈನ್ ಇದ್ದಿದ್ದರೆ ಅಷ್ಟು ಸುಲಭವಾಗಿ ಹೊರಡುತ್ತಿತ್ತೆಂದು ನನಗನ್ನಿಸುವುದಿಲ್ಲ. ಸುತ್ತಿಗೆ, ಸ್ಪ್ಯಾನರು, ಎಣ್ಣೆ, ಜೊತೆಗೆ ಕೆಲಸ ಬಲ್ಲ ಮುದುಕರು ಇದ್ದರೆ ಓಡುವ ಯಂತ್ರ ಇದು.

1994ರಲ್ಲಿ ನಾರ್ಮಂಡಿಯ ಐವತ್ತನೇ ವರ್ಷಾಚರಣೆಗೆ ಹೆಚ್ಚಾಗಿ ವಯಸ್ಸಾದ ನಾವಿಕರೇ ಇದನ್ನು ಪನಾಮಾ ಕಾಲುವೆಯ ಮೂಲಕ ಯುರೋಪಿಗೆ ಒಯ್ದರು. ಜೊತೆಗೆ ಹೊರಡಬೇಕಿದ್ದ ಯುದ್ಧಕಾಲದ ಇನ್ನೆರಡು ಹಡಗುಗಳು ತಲುಪಲಿಲ್ಲ. 1944ರ ಆ ಬೃಹತ್ ನೌಕಾಸಮೂಹದಿಂದ ಮರಳಿ ಬಂದ ದೊಡ್ಡ ಹಡಗು ಇದೊಂದೇ. ಮೂರು ವರ್ಷದ ನಂತರ ಬಂದ ‘ಟೈಟಾನಿಕ್’ ಸಿನಿಮಾದ ಎಂಜಿನ್ ಕೋಣೆಯ ದೃಶ್ಯಗಳನ್ನೂ ಇಲ್ಲೇ ತೆಗೆದರು. ನಿಜವಾದ ಟೈಟಾನಿಕ್‌ನ ಎಂಜಿನ್ನುಗಳ ಮುಂದೆ ಇದು ಕುಳ್ಳ. ತೆರೆಯ ಮೇಲೆ ಮಾತ್ರ ದೈತ್ಯ. 2020ರ ಮೇ ತಿಂಗಳಲ್ಲಿ ಪಕ್ಕದ ಗೋದಾಮು ಹೊತ್ತಿ ಉರಿದಾಗ ಅಗ್ನಿಶಾಮಕ ದೋಣಿಯೊಂದು ನೀರು ಹೊಡೆದು ಹಡಗನ್ನು ಉಳಿಸಿಕೊಂಡಿತು.

ಬೇ ಏರಿಯಾದ ಕನ್ನಡಿಗರು ಊರಿಂದ ಬಂದ ಅಪ್ಪ ಅಮ್ಮನನ್ನು ಗೋಲ್ಡನ್ ಗೇಟ್ ಸೇತುವೆಗೆ ಹೇಗೂ ಕರೆದೊಯ್ಯುತ್ತಾರೆ. ಅದೇ ದಿನ ಓಬ್ರಯನ್ ನಿಂತಿರುವ ಸ್ಯಾನ್ ಫ್ರಾನ್ಸಿಸ್ಕೋದ ಪಿಯರ್ 35ರ ಕಡೆಗೂ ತಿರುಗಬಹುದು. ಕೆಲವು ವಾರಾಂತ್ಯಗಳಲ್ಲಿ ನಿಂತಲ್ಲೇ ಎಂಜಿನ್ ಓಡಿಸುತ್ತಾರೆ. ಯಾವಾಗ ಎಂದು ಮೊದಲೇ ವಿಚಾರಿಸಿಕೊಳ್ಳಿ. ಕೆಳಗಿಳಿಯುವ ಕಬ್ಬಿಣದ ಏಣಿ ಬಲು ಕಡಿದು. ಮಂಡಿನೋವಿದ್ದವರು ಮೇಲೇ ನಿಂತು ಬಗ್ಗಿ ನೋಡುವುದು ಲೇಸು.