ನಿಧಾನ ಗಾಜಿನ ಆಚೆಗೆ ಕಾಣುವವರು

ಬಾಬ್ ಶಾ ಬರೆದ ‘ಲೈಟ್ ಆಫ್ ಅದರ್ ಡೇಸ್’ ಕತೆಯನ್ನು ನಾನು ಮೊದಲು ಓದಿದ್ದು ಎಂ.ಎ. ಓದುತ್ತಿದ್ದಾಗ. ಆಗ ಅದು ಒಂದು ಜಾಣ ಕಲ್ಪನೆ ಅನ್ನಿಸಿತ್ತು, ಅಷ್ಟೆ. ಎರಡನೆಯ ಸಲ ಓದಿದ್ದು ಅಪ್ಪ ತೀರಿಕೊಂಡ ವರ್ಷ. ಕತೆಯ ಒಂದಕ್ಷರವೂ ಬದಲಾಗಿರಲಿಲ್ಲ. ಆದರೆ ಈ ಸಲ ಅದನ್ನು ಒಂದೇ ಪಟ್ಟಿಗೆ ಓದಿ ಮುಗಿಸಲು ನನ್ನಿಂದಾಗಲಿಲ್ಲ.

ಶಾ ಉತ್ತರ ಐರ್ಲೆಂಡಿನ ಬೆಲ್‌ಫಾಸ್ಟ್‌ನವರು. ಕತೆ ಪ್ರಕಟವಾದದ್ದು 1966ರಲ್ಲಿ, ‘ಅನಲಾಗ್’ ಪತ್ರಿಕೆಯಲ್ಲಿ. ಇದರ ಜೀವಾಳ ‘ಸ್ಲೋ ಗ್ಲಾಸ್’, ಅಂದರೆ ನಿಧಾನ ಗಾಜು. ನಮ್ಮ ಕಿಟಕಿಯ ಗಾಜಿನೊಳಗೂ ಬೆಳಕಿನ ವೇಗ ಸೆಕೆಂಡಿಗೆ ಸುಮಾರು 2 ಲಕ್ಷ ಕಿಲೋಮೀಟರಿಗೆ ಇಳಿಯುತ್ತದೆ. ಶಾ ಕಲ್ಪಿಸಿದ ಗಾಜನ್ನು ದಾಟಲು ಬೆಳಕಿಗೆ ವರ್ಷಗಳೇ ಬೇಕು. ಅಂಥ ಗಾಜನ್ನು ಹತ್ತು ವರ್ಷ ಒಂದು ಸರೋವರದ ಮುಂದೆ ನಿಲ್ಲಿಸಿ, ಆಮೇಲೆ ನಗರದ ಮನೆಯ ಗೋಡೆಗೆ ಕೂರಿಸಿದರೆ, ಮುಂದಿನ ಹತ್ತು ವರ್ಷ ಆ ಮನೆಯ ಕಿಟಕಿಯಲ್ಲಿ ಸರೋವರ ಕಾಣುತ್ತದೆ. ಅಲೆ, ಮಂಜು, ಋತು ಎಲ್ಲವೂ ತಮ್ಮ ಕ್ರಮದಲ್ಲೇ ಬರುತ್ತವೆ.

1999ರಲ್ಲಿ ಲೀನ್ ಹೌ ಮತ್ತು ಸಂಗಡಿಗರು ಅತಿಶೀತಲ ಸೋಡಿಯಂ ಅನಿಲದಲ್ಲಿ ಬೆಳಕನ್ನು ಸೆಕೆಂಡಿಗೆ 17 ಮೀಟರಿನ ವೇಗಕ್ಕೆ ಇಳಿಸಿ ತೋರಿಸಿದರು. ಆದರೂ ಶಾ ಅವರ ಗಾಜು ನನಗೆ ವಿಜ್ಞಾನಕ್ಕಿಂತ ಮಾಯಾವಿದ್ಯೆಗೆ ಹತ್ತಿರ ಕಾಣುತ್ತದೆ. ಒಳ್ಳೆಯ ಮಾಯಾಕತೆಗಳಲ್ಲಿ ಮಾಯೆಗೊಂದು ಕಟ್ಟುಪಾಡು ಇರುತ್ತದೆ. ಇಲ್ಲಿಯೂ ಇದೆ: ಕಂಡದ್ದನ್ನು ಮತ್ತೆ ಹಿಂದಕ್ಕೆ ತಿರುಗಿಸಿ ನೋಡುವಂತಿಲ್ಲ. ಕಾಣುವವರ ಮಾತು ಕೇಳಿಸುವುದಿಲ್ಲ.

ಕತೆ ಸರಳ. ಮನಸ್ಸು ಮುರಿದ ದಂಪತಿ, ಗಾರ್ಲೆಂಡ್ ಮತ್ತು ಸೆಲೀನಾ, ಸ್ಕಾಟ್ಲೆಂಡಿನ ಬೆಟ್ಟಸೀಮೆಯಲ್ಲಿ ಕಾರಿನಲ್ಲಿ ಹೋಗುತ್ತಿದ್ದಾರೆ. ಬೇಡದ ಹೊತ್ತಿನಲ್ಲಿ ಬಂದ ಬಸಿರು ಅವರ ಜಗಳದ ಮೂಲ. ನಿಧಾನ ಗಾಜು ಮಾರುವ ಹೇಗನ್ ಎಂಬಾತನ ಬಳಿ ನಿಲ್ಲುತ್ತಾರೆ. ಅವನ ಮನೆಯ ಕಿಟಕಿಯಲ್ಲಿ ಒಬ್ಬ ಹೆಂಗಸೂ ಒಂದು ಮಗುವೂ ಕಾಣುತ್ತಾರೆ. ಬಾಗಿಲು ತೆರೆದಾಗ ಮನೆ ಖಾಲಿ. ಹೆಂಡತಿ ಮಗು ಇಬ್ಬರೂ ಆರು ವರ್ಷದ ಹಿಂದೆ ರಸ್ತೆ ಅಪಘಾತದಲ್ಲಿ ಹೋಗಿದ್ದಾರೆ. ಕಿಟಕಿಯ ಗಾಜು ಮಾತ್ರ ಇನ್ನೂ ಅವರ ಬೆಳಕನ್ನು ಬಿಡುತ್ತಿದೆ. ಹೇಗನ್ ಹೊರಗಿನ ಗೋಡೆಯ ಮೇಲೆ ಕೂತು ಅದನ್ನು ನೋಡುತ್ತಾನೆ.

ಇದನ್ನು ಸಾಮಾನ್ಯವಾಗಿ ನೆನಪಿನ ರೂಪಕವೆಂದು ಓದುತ್ತಾರೆ. ನನಗೆ ಆ ಓದು ಸಾಲದು. ಭರತನ ನಾಟ್ಯಶಾಸ್ತ್ರ ಕರುಣಕ್ಕೂ ವಿಪ್ರಲಂಭಕ್ಕೂ ನಡುವೆ ಒಂದು ಗೆರೆ ಎಳೆಯುತ್ತದೆ. ವಿಪ್ರಲಂಭದ ಅಗಲಿಕೆ ಸಾಪೇಕ್ಷ. ಮತ್ತೆ ಕೂಡುವ ಆಸೆ ಅದರಲ್ಲಿ ಉಳಿದಿರುತ್ತದೆ. ಕರುಣ ನಿರಪೇಕ್ಷ, ಅಲ್ಲಿ ಕಾಯುವುದಕ್ಕೆ ಏನೂ ಇಲ್ಲ. ಹೇಗನ್ನನ ಗಾಜು ಮಾಡುವ ಮೋಸ ಇರುವುದು ಇಲ್ಲಿ. ಅದು ಕರುಣವನ್ನು ವಿಪ್ರಲಂಭದ ವೇಷದಲ್ಲಿ ನಿಲ್ಲಿಸುತ್ತದೆ. ಅವನಿಗೆ ನಾಳೆಗಾಗಿ ಕಾಯಲು ಕಾರಣವಿದೆ, ಯಾಕೆಂದರೆ ನಾಳೆ ಆ ಮಗು ಇನ್ನೊಂದು ದಿನ ಬೆಳೆದಿರುತ್ತದೆ.

ಅಪ್ಪನ ಒಂದು ವಿಡಿಯೊ ನನ್ನ ಫೋನಿನಲ್ಲಿದೆ. ನಲವತ್ತು ಸೆಕೆಂಡು. ಜಗಲಿಯಲ್ಲಿ ಕೂತು ಅಡಿಕೆ ಸುಲಿಯುತ್ತಿದ್ದಾರೆ, ಒಮ್ಮೆ ತಲೆಯೆತ್ತಿ ನೋಡುತ್ತಾರೆ. ಎಷ್ಟು ಸಲ ನೋಡಿದರೂ ಅಷ್ಟೇ. ಮೊದಲು ಆ ಪುನರಾವರ್ತನೆ ನನಗೆ ಹಿಂಸೆಯಾಗುತ್ತಿತ್ತು. ಶಾ ಅವರನ್ನು ಮತ್ತೆ ಓದಿದ ಮೇಲೆ ಅದೇ ಅದರ ಕರುಣೆ ಅನ್ನಿಸಿತು. ನಲವತ್ತೊಂದನೆಯ ಸೆಕೆಂಡು ಇಲ್ಲವೆಂದು ವಿಡಿಯೊ ಪ್ರತಿ ಸಲವೂ ಹೇಳಿಬಿಡುತ್ತದೆ. ನಿಧಾನ ಗಾಜು ಅದನ್ನು ಹೇಳುವುದಿಲ್ಲ.

ಹೇಳುವ ದಿನ ಬಂದಾಗ ಏನಾಗುತ್ತದೆ? ಹೇಗನ್ ಮಾರುವ ಗಾಜು ಹತ್ತು ವರ್ಷದ್ದು. ಮನೆಯ ಗಾಜೂ ಅಷ್ಟೇ ಎಂದಿಟ್ಟುಕೊಂಡರೆ ಇನ್ನು ಉಳಿದಿರುವುದು ನಾಲ್ಕು ವರ್ಷ. ಒಂದು ಬೆಳಿಗ್ಗೆ ಆ ಇಬ್ಬರೂ ಕಿಟಕಿಯಿಂದ ಸರಿದು ಹೋಗುತ್ತಾರೆ, ಮತ್ತೆ ಬರುವುದಿಲ್ಲ. ಆದರೆ ಗಾಜು ಅಲ್ಲಿಗೆ ಮುಗಿಯುವುದಿಲ್ಲ. ಮರುದಿನದಿಂದ ಅದರಲ್ಲಿ ಕಾಣುವವನು ಸ್ವತಃ ಹೇಗನ್: ಹತ್ತು ವರ್ಷ ಚಿಕ್ಕವನು, ಖಾಲಿ ಮನೆಯೊಳಗೆ ಒಬ್ಬನೇ. ಶಾ ಈ ದೃಶ್ಯವನ್ನು ಬರೆದಿಲ್ಲ. ಬರೆಯದೆಯೇ ಗಾಜಿನ ನಿಯಮದೊಳಗೆ ಅದನ್ನು ಇಟ್ಟಿರುವುದು ಈ ಕತೆಯ ದೊಡ್ಡ ಶಕ್ತಿ.

ಕತೆಯ ಬಗ್ಗೆ ನನ್ನದೊಂದು ತಕರಾರಿದೆ. ಸೆಲೀನಾಳ ಒಳಗು ನಮಗೆ ಸಿಗುವುದೇ ಇಲ್ಲ. ಗಂಡನ ಮುನಿಸಿನ ಮೂಲಕ ಮಾತ್ರ ಅವಳನ್ನು ನೋಡುತ್ತೇವೆ. ಕಿಟಕಿಯ ಹೆಂಗಸಿಗೆ ದನಿ ಇಲ್ಲದಿರುವುದು ಗಾಜಿನ ನಿಯಮ. ಸೆಲೀನಾಳಿಗೂ ಹೆಚ್ಚು ದನಿ ಇಲ್ಲದಿರುವುದು ಲೇಖಕರ ಆಯ್ಕೆ. 1972ರಲ್ಲಿ ಶಾ ಇದೇ ಗಾಜನ್ನು ‘ಅದರ್ ಡೇಸ್, ಅದರ್ ಐಸ್’ ಕಾದಂಬರಿಯಾಗಿ ಬೆಳೆಸಿದರು. ಅಲ್ಲಿ ಗಾಜು ಸಾಕ್ಷಿಯಾಗುತ್ತದೆ, ಕಡೆಗೆ ಎಲ್ಲರ ಮೇಲೂ ಕಣ್ಣಿಡುವ ಬೇಹುಗಾರಿಕೆಯ ಧೂಳಾಗುತ್ತದೆ. ಇಂದಿನ ಕ್ಯಾಮೆರಾ ಲೋಕಕ್ಕೆ ಅದು ಹತ್ತಿರವಿರಬಹುದು. ನಾನು ಮರಳಿ ಹೋಗುವುದು ಮಾತ್ರ ಗೋಡೆಯ ಮೇಲೆ ಕೂತವನ ಬಳಿಗೆ.

ಅಮ್ಮನಿಗೆ ಒಮ್ಮೆ ಈ ಕತೆ ಹೇಳಿದೆ. ಅಂಥ ಗಾಜು ಸಿಕ್ಕರೆ ಜಗಲಿಗೆ ಹಾಕಿಸೋಣವಾ ಎಂದೆ. ಅವಳು ಸ್ವಲ್ಪ ಹೊತ್ತು ಸುಮ್ಮನಿದ್ದು, “ಅವರು ತಲೆ ಎತ್ತಿದಾಗ ನಾನು ಕಾಣ್ತೀನಾ?” ಎಂದು ಕೇಳಿದಳು. ಇಲ್ಲ ಎಂದೆ.

“ಹಾಗಾದ್ರೆ ಬೇಡ” ಎಂದಳು.